ಮಾಯಾ ನಕಾಶೆಯ ಪಂಡಿತ



ನಮ್ಮ ಕಾರ್ಯಕ್ರಮಕ್ಕೆ ಬರುವ ಪತ್ರಗಳಲ್ಲಿ ಒಂದು ಪತ್ರ ನನ್ನನ್ನು ಬಹಳ ದಿನ ಬಿಡಲಿಲ್ಲ. ಬರೆದವಳು ಒಂಬತ್ತನೆಯ ತರಗತಿಯ ಹುಡುಗಿ. ಅವಳ ಪ್ರಶ್ನೆ ಸರಳವಾಗಿತ್ತು. ‘ಇಂಗ್ಲಿಷ್ ಕಥೆಗಳಲ್ಲಿ ಮಾಯಾ ನಕಾಶೆ ಬರೆಯುವ ಪಂಡಿತರು ಬರುತ್ತಾರೆ. ಅವರು ಬರೆದ ನಕಾಶೆಯಲ್ಲಿ ಯಾರೂ ಕಾಣದ ದ್ವೀಪ ಕಾಣುತ್ತದೆ, ಅಳಿದುಹೋದ ಪಟ್ಟಣ ಮತ್ತೆ ಎದ್ದು ನಿಲ್ಲುತ್ತದೆ. ನಮ್ಮ ಕಡೆ ಇಂಥ ಪಂಡಿತರು ಇರಲೇ ಇಲ್ಲವೇ?’

ನಾನು ಆಗ ಹದಿಮೂರು ಕಂತುಗಳ ಒಂದು ಮಕ್ಕಳ ಧಾರಾವಾಹಿಗೆ ಕಥೆ ಹುಡುಕುತ್ತಿದ್ದೆ. ಈ ಪಂಡಿತನನ್ನೇ ನಾಯಕನನ್ನಾಗಿ ಮಾಡಿದರೆ ಹೇಗೆ ಎನ್ನಿಸಿತು. ಅವನಿಗೆ ಹೆಸರಿಡಲಿಲ್ಲ, ‘ನಮ್ಮ ಪಂಡಿತ’ ಎಂದಷ್ಟೇ ಕರೆದುಕೊಂಡೆ. ಅವನಿಗೊಂದು ಊರು ಬೇಕಿತ್ತು. ಚಿತ್ರೀಕರಣಕ್ಕೆ ಸ್ಥಳ ನೋಡಲೆಂದು ಹಾನಗಲ್ಲು, ಶಿಗ್ಗಾವಿ, ಸವಣೂರು, ಹಿರೇಕೆರೂರು, ಈ ನಾಲ್ಕು ತಾಲ್ಲೂಕುಗಳಲ್ಲಿ ಕೆಲವು ದಿನ ಸುತ್ತಾಡಿದೆ. 1997ರ ಆಗಸ್ಟಿನಲ್ಲಿ ಧಾರವಾಡ ಜಿಲ್ಲೆಯಿಂದ ಬೇರೆಯಾದ ಹಾವೇರಿ ಜಿಲ್ಲೆಗೆ ಸೇರಿದ ಸೀಮೆ ಇದು. ಸವಣೂರಿನ ಕಡೆ ಎರೆ ಭೂಮಿ, ಜೋಳ, ಹತ್ತಿ, ವೀಳ್ಯದೆಲೆಯ ತೋಟ. ಹಾನಗಲ್ಲಿಗೆ ಬಂದರೆ ಮಲೆನಾಡಿನ ಸೆರಗು, ಭತ್ತದ ಗದ್ದೆ, ಅಡಿಕೆ. ನಡುವೆ ವರದಾ ನದಿ. ದಕ್ಷಿಣಕ್ಕೆ ಹಿರೇಕೆರೂರಿನ ಕಡೆ ಕುಮುದ್ವತಿ, ಮದಗದ ಕೆರೆ.

ಧಾರಾವಾಹಿ ಕೊನೆಗೂ ಆಗಲಿಲ್ಲ. ಅದಕ್ಕೆ ಕಾರಣ ಹಣದ್ದು, ಆ ಮಾತು ಇಲ್ಲಿ ಬೇಡ. ಆದರೆ ಪಂಡಿತ ಸಿಕ್ಕಿದ. ಒಂದೇ ಕಡೆ ಸಿಗಲಿಲ್ಲ, ತುಂಡುತುಂಡಾಗಿ ಸಿಕ್ಕಿದ. ಅವನ ಬಾಲ್ಯ ಒಬ್ಬರಲ್ಲಿ, ಯೌವನ ಇನ್ನೊಬ್ಬರಲ್ಲಿ, ಮುಪ್ಪು ಮತ್ತೊಬ್ಬರಲ್ಲಿ. ಎಲ್ಲವನ್ನೂ ಜೋಡಿಸಿದಾಗ ಆತ ಸಾವಿರದ ನೂರು ವರ್ಷಕ್ಕೂ ಹೆಚ್ಚು ಕಾಲ ಬದುಕಬೇಕಾಯಿತು. ಮಾಯಾ ಪಂಡಿತನಿಗೆ ಅಷ್ಟು ಆಯುಸ್ಸು ಕೊಟ್ಟರೆ ಯಾರೂ ಆಕ್ಷೇಪಿಸಲಾರರು. ಪಂಡಿತ ಮಾತ್ರ ಕಲ್ಪನೆ. ಅವನ ಜೀವನದ ಘಟನೆಗಳೆಲ್ಲ ನಿಜವಾಗಿ ನಡೆದವು.

ಅವನ ಬಾಲ್ಯವನ್ನು ನಾನು ಬಂಕಾಪುರದಲ್ಲಿ ಇಟ್ಟೆ. ಇದು ಶಿಗ್ಗಾವಿ ತಾಲ್ಲೂಕಿನ ಊರು, ಪುಣೆ–ಬೆಂಗಳೂರು ಹೆದ್ದಾರಿಗೆ ಹತ್ತಿರ. ಇಂದು ಅಲ್ಲಿಗೆ ಹೋದವರು ಹಳೆಯ ಕೋಟೆಯೊಳಗಿನ ನವಿಲುಗಳನ್ನು ನೋಡುತ್ತಾರೆ, ಅರವತ್ತು ಕಂಬದ ಗುಡಿ ಎಂದು ಜನ ಕರೆಯುವ ನಾಗರೇಶ್ವರ ದೇವಾಲಯಕ್ಕೆ ಮೆಟ್ಟಿಲಿಳಿದು ಹೋಗುತ್ತಾರೆ. ಒಂಬತ್ತನೆಯ ಶತಮಾನದಲ್ಲಿ ಈ ಪಟ್ಟಣ ಕಟ್ಟಿದವನು ರಾಷ್ಟ್ರಕೂಟ ಚಕ್ರವರ್ತಿ ಅಮೋಘವರ್ಷನ ದಂಡನಾಯಕ ಬಂಕೇಶ. ಅವನ ಮಗ ಲೋಕಾದಿತ್ಯ ಇಲ್ಲಿಂದ ಬನವಾಸಿ ನಾಡನ್ನು ಆಳುತ್ತಿದ್ದ. ಗುಣಭದ್ರಾಚಾರ್ಯರ ‘ಉತ್ತರಪುರಾಣ’ಕ್ಕೆ ಕ್ರಿ.ಶ. 898ರಲ್ಲಿ ಪೂಜೆ ಸಂದದ್ದು ಇದೇ ಬಂಕಾಪುರದಲ್ಲಿ. ಆ ಕಾವ್ಯದ ಕೊನೆಯ ಪ್ರಶಸ್ತಿ ಶ್ಲೋಕಗಳು ಈ ಊರನ್ನೂ ಲೋಕಾದಿತ್ಯನನ್ನೂ ಹೆಸರಿಸುತ್ತವೆ.

ಕಾವ್ಯಕ್ಕೂ ನಕಾಶೆಗೂ ಏನು ಸಂಬಂಧ ಎಂದು ನೀವು ಕೇಳಬಹುದು. ಜೈನ ಪುರಾಣಗಳ ಕಥೆ ನಡೆಯುವುದೇ ಒಂದು ದೊಡ್ಡ ನಕಾಶೆಯ ಮೇಲೆ. ನಡುವೆ ಬಟ್ಟಲಿನಂತೆ ದುಂಡಗಿರುವ ಜಂಬೂದ್ವೀಪ, ಅದರ ವ್ಯಾಸ ಒಂದು ಲಕ್ಷ ಯೋಜನ. ಅದರ ಸುತ್ತ ಎರಡು ಲಕ್ಷ ಯೋಜನ ಅಗಲದ ಲವಣಸಮುದ್ರ. ಅದರಾಚೆ ನಾಲ್ಕು ಲಕ್ಷದ ಧಾತಕೀಖಂಡ, ಮತ್ತೆ ಎಂಟು ಲಕ್ಷದ ಕಾಲೋದ ಸಮುದ್ರ, ಅದರಾಚೆ ಹದಿನಾರು ಲಕ್ಷದ ಪುಷ್ಕರದ್ವೀಪ. ಪುಷ್ಕರದ್ವೀಪದ ನಡುವೆ ಮಾನುಷೋತ್ತರ ಪರ್ವತ ಅಡ್ಡ ನಿಂತಿದೆ, ಅದರಾಚೆ ಮನುಷ್ಯರಿಲ್ಲ. ಮನುಷ್ಯರಿರುವ ಈ ಎರಡೂವರೆ ದ್ವೀಪದ ಒಟ್ಟು ವ್ಯಾಸ ನಲವತ್ತೈದು ಲಕ್ಷ ಯೋಜನ. ಕಾಗದ ಪೆನ್ಸಿಲು ತೆಗೆದುಕೊಂಡು ಕೂಡಿಸಿ ನೋಡಿ, ಲೆಕ್ಕ ಸರಿಯಾಗಿಯೇ ಬರುತ್ತದೆ. ಮುಂದೆ ಪಶ್ಚಿಮ ಭಾರತದಲ್ಲಿ ಇದನ್ನು ಬಟ್ಟೆಯ ಮೇಲೆ ಬಣ್ಣಗಳಲ್ಲಿ ಬರೆದರು. ನಮ್ಮ ಪಂಡಿತನ ಬಾಲ್ಯದಲ್ಲಿ ಅದು ಮಾತಿನಲ್ಲೇ ಇದ್ದ ನಕಾಶೆ. ಕಂಠಪಾಠ ಮಾಡಿ ಕಣ್ಣು ಮುಚ್ಚಿದರೆ ಕಾಣುವಂಥದ್ದು.

ನಾನು ಬಿ.ಎಸ್ಸಿ. ಓದಿದವನು. ಪುರಾಣದ ಅಳತೆಗಳನ್ನು ಕೇಳಿ ನಕ್ಕು ಬಿಡುವ ವಯಸ್ಸು ನನಗೂ ಇತ್ತು. ಆದರೆ ಒಂದು ಅಂಕಿ ನನ್ನ ನಗುವನ್ನು ನಿಲ್ಲಿಸಿತು. ಜಂಬೂದ್ವೀಪದ ಸುತ್ತಳತೆ ಎಷ್ಟು? ಶಾಸ್ತ್ರಕಾರರು ಕೊಡುವ ಉತ್ತರ ಹೀಗಿದೆ: 3,16,227 ಯೋಜನ, 3 ಗವ್ಯೂತಿ, 128 ಧನುಸ್ಸು, ಹದಿಮೂರೂವರೆ ಅಂಗುಲಕ್ಕಿಂತ ತುಸು ಹೆಚ್ಚು. ಯಾರೂ ಕಾಣದ ದ್ವೀಪಕ್ಕೆ ಅರ್ಧ ಅಂಗುಲದ ಲೆಕ್ಕ!

ಇದು ಬಂದ ಬಗೆ ಸ್ವಾರಸ್ಯಕರ. ವ್ಯಾಸವನ್ನು ಹತ್ತರ ವರ್ಗಮೂಲದಿಂದ ಗುಣಿಸಿದರೆ ಪರಿಧಿ ಬರುತ್ತದೆ ಎಂದು ಅವರ ಸೂತ್ರ. ಅಮೋಘವರ್ಷನ ಕಾಲದ ಕನ್ನಡನಾಡಿನ ಗಣಿತಜ್ಞ ಮಹಾವೀರಾಚಾರ್ಯರು ‘ಗಣಿತಸಾರಸಂಗ್ರಹ’ದಲ್ಲಿ ಒರಟು ಲೆಕ್ಕಕ್ಕೆ ಮೂರನ್ನೂ ಸೂಕ್ಷ್ಮ ಲೆಕ್ಕಕ್ಕೆ ಹತ್ತರ ವರ್ಗಮೂಲವನ್ನೂ ಬಳಸಲು ಹೇಳುತ್ತಾರೆ. ಗಣಿತದಿಂದ ಏನೇನು ಪ್ರಯೋಜನ ಎಂದು ಗ್ರಂಥದ ಮೊದಲಲ್ಲೇ ಎಣಿಸುವಾಗ ದ್ವೀಪ, ಸಮುದ್ರ, ಪರ್ವತಗಳ ವ್ಯಾಸ ಪರಿಧಿಗಳನ್ನೂ ಅವರು ಸೇರಿಸಿದ್ದಾರೆ.

ಈಗ ನಿಮ್ಮ ಕ್ಯಾಲ್ಕ್ಯುಲೇಟರಿನಲ್ಲಿ ಹತ್ತರ ವರ್ಗಮೂಲ ತೆಗೆದು ಲಕ್ಷದಿಂದ ಗುಣಿಸಿ. ಯೋಜನಕ್ಕೆ 4 ಗವ್ಯೂತಿ, ಗವ್ಯೂತಿಗೆ 2000 ಧನುಸ್ಸು, ಧನುಸ್ಸಿಗೆ 96 ಅಂಗುಲ ಎಂದು ಭಾಗ ಮಾಡುತ್ತ ಬನ್ನಿ. ಯೋಜನ, ಗವ್ಯೂತಿ, ಧನುಸ್ಸು ಎಲ್ಲವೂ ಹೊಂದುತ್ತವೆ. ಕೊನೆಯಲ್ಲಿ ಮಾತ್ರ ಹದಿಮೂರೂವರೆಯ ಬದಲು ಹದಿಮೂರಕ್ಕೆ ತುಸು ಕಡಿಮೆ ಅಂಗುಲ ಬರುತ್ತದೆ. ಆ ಮುಕ್ಕಾಲು ಅಂಗುಲದ ವ್ಯತ್ಯಾಸ ಎಲ್ಲಿಯದು? ವರ್ಗಮೂಲ ಪೂರ್ತಿ ಬಾರದಾಗ ಉಳಿದ ಶೇಷವನ್ನು ಮೂಲದ ಎರಡರಷ್ಟರಿಂದ ಭಾಗಿಸಿ ಸೇರಿಸುವ ಹಳೆಯ ವಿಧಾನವೊಂದಿದೆ. ಆ ವಿಧಾನದಲ್ಲಿ ಮಾಡಿ ನೋಡಿದರೆ ಸರಿಯಾಗಿ ಶಾಸ್ತ್ರಕಾರರ ಹದಿಮೂರೂವರೆಯೇ ಬರುತ್ತದೆ. ನಾನು ಒಂದು ಸಂಜೆ ಕೂತು ಈ ಲೆಕ್ಕ ಮಾಡಿದಾಗ, ಹಳೆಯ ಕಾಲದ ಯಾರೋ ಒಬ್ಬ ಹುಡುಗನ ಲೆಕ್ಕದ ಪುಸ್ತಕವನ್ನೇ ತಿದ್ದುತ್ತಿರುವಂತೆ ಅನ್ನಿಸಿತು. ನಿಜವಾದ ಪೈ ಬೆಲೆಯಿಂದ ಮಾಡಿದರೆ ಪರಿಧಿ 3,14,159 ಯೋಜನ. ಅಂದರೆ ಎರಡು ಸಾವಿರ ಯೋಜನ ಹೆಚ್ಚಾಗಿದೆ, ಅಂಗುಲ ಮಾತ್ರ ಎಣಿಸಿಟ್ಟಿದೆ! ಸೂಕ್ಷ್ಮವಾದದ್ದೆಲ್ಲ ಸರಿಯಾಗಿರಬೇಕಾಗಿಲ್ಲ ಎಂಬುದನ್ನು ಪ್ರಯೋಗಶಾಲೆಯಲ್ಲಿ ನಮ್ಮ ಅಧ್ಯಾಪಕರು ಎಷ್ಟು ಸಲ ಹೇಳಿದ್ದರೋ. ಆದರೂ ಕಾಣದ್ದನ್ನು ಸಡಿಲವಾಗಿ ಹೇಳಬಾರದು ಎಂಬ ಆ ಶಿಸ್ತು ನನಗೆ ಇಷ್ಟವಾಯಿತು. ನಮ್ಮ ಪಂಡಿತನಿಗೆ ಬಾಲ್ಯದಲ್ಲಿ ಅದನ್ನೇ ಪಾಠವಾಗಿ ಕೊಟ್ಟೆ.

ಯಾರೂ ಕಾಣದ್ದನ್ನು ತೋರಿಸುವ ನಕಾಶೆ ಅವನಿಗೆ ಹೀಗೆ ಬಂತು. ಅಳಿದುಹೋದದ್ದನ್ನು ಎಬ್ಬಿಸುವ ನಕಾಶೆ ಕಲಿಯಲು ಅವನು ನೈಋತ್ಯಕ್ಕೆ ಹೊರಟು ಹಾನಗಲ್ಲಿಗೆ ಬರಬೇಕು.

ಹಾನಗಲ್ಲಿನ ತಾರಕೇಶ್ವರ ದೇವಾಲಯದ ಛತ್ತಿನ ಕೆಳಗೆ ನಿಂತು ತಲೆಯೆತ್ತಿದರೆ ಕಲ್ಲಿನ ದೊಡ್ಡ ಕಮಲವೊಂದು ಮೇಲಿಂದ ಅರಳಿ ಕೆಳಗಿಳಿದಿದೆ. ನಮ್ಮ ಛಾಯಾಗ್ರಾಹಕರು ಅದನ್ನು ಬಿಟ್ಟು ಬರಲು ಒಪ್ಪಲಿಲ್ಲ. ನನಗೆ ಬೇಕಾಗಿದ್ದದ್ದು ಶಾಸನಗಳು. ಹಾನಗಲ್ಲಿನ ಹಳೆಯ ಹೆಸರು ಪಾನುಂಗಲ್. ಪಾಂಡವರು ಅಜ್ಞಾತವಾಸ ಕಳೆದ ವಿರಾಟನಗರ ಇದೇ ಎಂದು ಜನ ನಂಬುತ್ತಾರೆ. ಕಲ್ಯಾಣದ ಚಾಲುಕ್ಯರ ಮಾಂಡಳಿಕರಾಗಿದ್ದ ಹಾನಗಲ್ಲು ಕದಂಬರು ಆಳಿದ್ದು ‘ಪಾನುಂಗಲ್–500’ ಮತ್ತು ‘ಬನವಾಸಿ–12000’ ಎಂಬ ನಾಡುಗಳನ್ನು. ಊರಿನ ಹೆಸರಿನ ಮುಂದೆ ಈ ಅಂಕಿ ಏಕೆ? ಶಾಸನಗಳಲ್ಲಿ ಇಂಥವು ಹತ್ತಾರು ಇವೆ. ಬೆಳ್ವೊಲ–300, ಪುಲಿಗೆರೆ–300, ನಾಗರಖಂಡ–70, ಗಂಗವಾಡಿ–96000. ಹಳ್ಳಿಗಳ ಸಂಖ್ಯೆ ಎಂದು ಕೆಲವು ವಿದ್ವಾಂಸರು, ಕಂದಾಯದ ಲೆಕ್ಕ ಎಂದು ಕೆಲವರು. ಇಂದಿನ ಇಡೀ ಕರ್ನಾಟಕದ ಹಳ್ಳಿಗಳನ್ನು ಎಣಿಸಿದರೂ ಮೂವತ್ತು ಸಾವಿರದ ಆಸುಪಾಸು. ಗಂಗವಾಡಿಯೊಂದರಲ್ಲೇ ತೊಂಬತ್ತಾರು ಸಾವಿರ ಹಳ್ಳಿ ಇರಲು ಹೇಗೆ ಸಾಧ್ಯ? ಆದರೆ ಎಪ್ಪತ್ತು, ಮುನ್ನೂರು, ಐನೂರು ಎನ್ನುವಾಗ ಹಳ್ಳಿಗಳ ಲೆಕ್ಕ ಅಸಾಧ್ಯವೆನಿಸುವುದಿಲ್ಲ. ಎಲ್ಲ ಅಂಕಿಗಳಿಗೂ ಒಂದೇ ಅರ್ಥ ಇರಬೇಕೆಂದು ಹಟ ಹಿಡಿಯಬಾರದು ಎಂದು ನನಗೆ ತೋರುತ್ತದೆ.

ಇಡೀ ನಾಡಿನ ಹೆಸರು ಬಿಟ್ಟು ಒಂದು ಹೊಲದ ಮಟ್ಟಕ್ಕೆ ಇಳಿದರೆ ಶಾಸನ ಇನ್ನೂ ಚೆನ್ನಾಗಿ ನಕಾಶೆಯ ಕೆಲಸ ಮಾಡುತ್ತದೆ. ಗುಡಿಗೋ ಮಠಕ್ಕೋ ಭೂಮಿ ಬಿಟ್ಟಾಗ ಅದರ ಮೇರೆಯನ್ನು ದಿಕ್ಕು ಹಿಡಿದು ಹೇಳುತ್ತಾರೆ. ಮೂಡಲಿಗೆ ಇಂಥ ಕೆರೆಯ ಏರಿ, ತೆಂಕಲಿಗೆ ಇಂಥ ಊರಿಗೆ ಹೋಗುವ ದಾರಿ, ಪಡುವಲಿಗೆ ನಟ್ಟ ಕಲ್ಲು, ಬಡಗಲಿಗೆ ಇಂಥ ಮರ. ಅಳತೆ ಮತ್ತರುಗಳಲ್ಲಿ. ಮತ್ತರನ್ನು ಅಳೆಯುವ ಕೋಲಿಗೆ ‘ಗಳೆ’ ಎಂದು ಹೆಸರು. ಗಳೆ ಎಲ್ಲ ಕಡೆಯೂ ಒಂದೇ ಉದ್ದವಿರಲಿಲ್ಲ, ಆದ್ದರಿಂದ ಯಾವ ಗಳೆ ಎಂದು ಹೇಳಬೇಕಾಗುತ್ತಿತ್ತು. ಹಿರೇಕೆರೂರಿನ ಗಡಿಯಾಚೆಯ ಬಳ್ಳಿಗಾವೆಯ ಶಾಸನಗಳಲ್ಲಿ ‘ಭೇರುಂಡ ಗಳೆ’ ಬರುತ್ತದೆ. ಕಲ್ಲಿನ ತಲೆಯಲ್ಲಿ ಸೂರ್ಯ, ಚಂದ್ರ, ಕರುವಿಗೆ ಹಾಲುಣಿಸುವ ಹಸು. ಈ ಮೇರೆಗೆ ಸೂರ್ಯಚಂದ್ರರು ಸಾಕ್ಷಿ.

ವೀರಗಲ್ಲುಗಳೂ ಹಾಗೆಯೇ. 1196ರಲ್ಲಿ ಹೊಯ್ಸಳ ಇಮ್ಮಡಿ ಬಲ್ಲಾಳ ಹಾನಗಲ್ಲಿಗೆ ಮುತ್ತಿಗೆ ಹಾಕಿ ಆನೆಕೆರೆಯ ಬಳಿ ಬೀಡುಬಿಟ್ಟದ್ದು, ಕದಂಬ ಕಾಮದೇವನ ಸೇನಾನಿ ಸೋಹಣಿ ಎದುರು ನಿಂತು ಮಡಿದದ್ದು, ಎಲ್ಲ ಕಲ್ಲಿನಿಂದಲೇ ತಿಳಿದದ್ದು. ಕೆರೆ ಇಂದಿಗೂ ಇದೆ, ಹೆಸರೂ ಅದೇ ಇದೆ. ದಡದಲ್ಲಿ ನಿಂತರೆ ಒಂದು ಸೈನ್ಯ ಎಲ್ಲಿ ನಿಂತಿತ್ತೆಂದು ಬೆರಳು ಮಾಡಿ ತೋರಿಸಬಹುದು.

ಆದರೆ ಈ ಅಕ್ಷರಗಳನ್ನು ಓದುವವರು ಬೇಕಲ್ಲ! ಹಳಗನ್ನಡದ ಲಿಪಿ ಕಾಲಕ್ರಮದಲ್ಲಿ ಜನರಿಗೆ ಅಪರಿಚಿತವಾಯಿತು. ಕಲ್ಲುಗಳ ಮೇಲೆ ‘ನಿಧಿ ಇರುವ ಜಾಗ ಬರೆದಿದೆ’ ಎಂಬ ನಂಬಿಕೆ ಬೆಳೆಯಿತು. ಅದರಿಂದ ಎಷ್ಟು ಕಲ್ಲುಗಳು ಒಡೆದುಹೋದವೋ ಲೆಕ್ಕವಿಲ್ಲ. ಅರ್ಥವಾಗದ ನಕಾಶೆಯನ್ನು ಜನ ತಾವೇ ಮಾಯಾ ನಕಾಶೆ ಮಾಡಿಕೊಂಡರು ಎನ್ನಬೇಕು.

ಇಲ್ಲಿ ನಮ್ಮ ಪಂಡಿತನ ನಡುವಯಸ್ಸು ಆರಂಭವಾಗುತ್ತದೆ. ಆ ಹೊತ್ತಿಗೆ ಹತ್ತೊಂಬತ್ತನೆಯ ಶತಮಾನ ಬಂದಿದೆ.

ಕಿತ್ತೂರಿನ ಕದನ ನಿಮಗೆ ಗೊತ್ತು. 1824ರಲ್ಲಿ ಥ್ಯಾಕರೆ ಹತನಾದಾಗ ಕಿತ್ತೂರಿನವರ ಕೈಗೆ ಸೆರೆಸಿಕ್ಕ ಇಬ್ಬರು ಕಿರಿಯ ಅಧಿಕಾರಿಗಳಲ್ಲಿ ಒಬ್ಬ ವಾಲ್ಟರ್ ಎಲಿಯಟ್. ಆಗ ಅವನಿಗೆ 21 ವರ್ಷ. ಬಿಡುಗಡೆಯಾಗಿ ಹೋದ ಆ ಯುವಕ ಈ ಪ್ರಾಂತದ ಶಾಸನಗಳನ್ನು ನಕಲು ಮಾಡಿಸತೊಡಗಿದ. ಅವನ ಸಂಗ್ರಹ ಮುಂದೆ ಐನೂರನ್ನು ದಾಟಿತು. 1837ರಲ್ಲಿ ಅವನು ಪ್ರಕಟಿಸಿದ ಲೇಖನದಿಂದ ಚಾಲುಕ್ಯರ ವಂಶಾವಳಿಗೆ ಒಂದು ರೂಪ ಬಂತು.

ಅವನ ನಂತರ ಬಂದವನು ಜಾನ್ ಫೇಯ್ತ್‌ಫುಲ್ ಫ್ಲೀಟ್. ಹುಟ್ಟಿದ್ದು 1847ರಲ್ಲಿ, ಮುಂಬಯಿ ಪ್ರಾಂತದ ನೌಕರಿಗೆ ಬಂದದ್ದು 1867ರಲ್ಲಿ. ಕಂದಾಯದ ಅಧಿಕಾರಿ. ಹಗಲು ತೆರಿಗೆಯ ಕಾಗದ, ಉಳಿದ ಹೊತ್ತು ಶಾಸನ. 1882ರಲ್ಲಿ ಕನ್ನಡ ಜಿಲ್ಲೆಗಳ ರಾಜವಂಶಗಳ ಕುರಿತ ಅವನ ಪುಸ್ತಕ ಬಂತು. 1883ರಿಂದ ಮೂರು ವರ್ಷ ಭಾರತ ಸರ್ಕಾರದ ಮೊದಲ ಶಾಸನತಜ್ಞನಾಗಿದ್ದ. ‘ಪಾನುಂಗಲ್–500’ ಎಂದರೆ ಇಂದಿನ ಹಾನಗಲ್ಲಿನ ಸುತ್ತಲ ನಾಡು, ‘ಪುಲಿಗೆರೆ–300’ ಎಂದರೆ ಇಂದಿನ ಲಕ್ಷ್ಮೇಶ್ವರದ ಸುತ್ತಲಿನದು, ಹೀಗೆ ಒಂದೊಂದನ್ನೇ ಕಲ್ಲಿನ ಅಕ್ಷರದಿಂದ ಬಿಡಿಸಿ ನೆಲದ ಮೇಲೆ ಗುರುತಿಸಿದ ಕೆಲಸದಲ್ಲಿ ಅವನ ಪಾಲು ದೊಡ್ಡದು. ಅಳಿದುಹೋದ ನಾಡುಗಳು ನಕಾಶೆಯಲ್ಲಿ ಮತ್ತೆ ಎದ್ದುನಿಂತವು. ಪತ್ರ ಬರೆದ ಹುಡುಗಿ ಕೇಳಿದ್ದು ಇದನ್ನೇ ಅಲ್ಲವೇ?

ಫ್ಲೀಟನ ಕಿವಿಯೂ ಚೆನ್ನಾಗಿತ್ತು. ಬ್ರಿಟಿಷ್ ಸರ್ಕಾರದ ಈ ಅಧಿಕಾರಿ ಬ್ರಿಟಿಷರ ವಿರುದ್ಧ ಹೋರಾಡಿದ ಸಂಗೊಳ್ಳಿ ರಾಯಣ್ಣನ ಲಾವಣಿಯನ್ನು ಬರೆದುಕೊಂಡು ಪ್ರಕಟಿಸಿದ.

ಹಿರೇಕೆರೂರು ತಾಲ್ಲೂಕಿನ ಅಬಲೂರಿನ ಶಾಸನಗಳನ್ನು ಅವನು ‘ಎಪಿಗ್ರಾಫಿಯಾ ಇಂಡಿಕಾ’ದ ಐದನೆಯ ಸಂಪುಟದಲ್ಲಿ ವಿಸ್ತಾರವಾಗಿ ಸಂಪಾದಿಸಿದ್ದಾನೆ. ಏಕಾಂತದ ರಾಮಯ್ಯ ತನ್ನ ತಲೆಯನ್ನು ಶಿವನಿಗೆ ಅರ್ಪಿಸಿ ಮರಳಿ ಪಡೆದನೆಂಬ ಕಥೆ ಅಲ್ಲಿಯದು. ಆ ಊರಿನ ಸೋಮೇಶ್ವರ ಗುಡಿಯಲ್ಲಿ ಈ ಪ್ರಸಂಗದ ಶಿಲ್ಪಗಳಿವೆ, ಕೆಳಗೆ ವಿವರಣೆಯ ಅಕ್ಷರಗಳೂ ಇವೆ. ಚಿತ್ರ ತೋರಿಸಿ ಕೆಳಗೆ ಬರಹ ಕೊಡುವ ಪದ್ಧತಿ ದೂರದರ್ಶನದವರ ಸ್ವಂತದ್ದು ಎಂದುಕೊಂಡಿದ್ದೆ. ಅಬಲೂರಿನ ಶಿಲ್ಪಿ ನನ್ನ ಗರ್ವ ಇಳಿಸಿದ.

ಶಾಸನದ ಪಡಿಯಚ್ಚು ತೆಗೆಯುವುದನ್ನು ನೀವು ನೋಡಿದ್ದೀರಾ? ಕಲ್ಲನ್ನು ತೊಳೆದು, ಅಕ್ಷರದ ಕುಳಿಯೊಳಗಿನ ಮಣ್ಣು ತೆಗೆದು, ಒದ್ದೆ ಕಾಗದ ಹಾಸುತ್ತಾರೆ. ಬ್ರಷ್ಷಿನಿಂದ ಬಡಿದು ಬಡಿದು ಕಾಗದ ಕುಳಿಗಳಿಗೆ ಇಳಿಯುವಂತೆ ಮಾಡುತ್ತಾರೆ. ಆಮೇಲೆ ಮಸಿಯ ಉಂಡೆಯಿಂದ ಹಗುರವಾಗಿ ತಟ್ಟುತ್ತಾರೆ. ಮೇಲಿನ ಸಮತಲ ಕಪ್ಪಾಗುತ್ತದೆ, ಅಕ್ಷರ ಬೆಳ್ಳಗೆ ಉಳಿಯುತ್ತದೆ. ಗಾಳಿ ಬೀಸಿದರೆ ಕಾಗದ ಎದ್ದುಹೋಯಿತು, ಬಿಸಿಲು ಹೆಚ್ಚಾದರೆ ಬೇಗ ಒಣಗಿ ಹರಿಯಿತು. ಒಂದು ದೊಡ್ಡ ಕಲ್ಲಿಗೆ ಒಂದು ಬೆಳಗು ಸಾಲದು. ಸಾಹೇಬರ ಪುಸ್ತಕದ ಒಂದೊಂದು ಪುಟದ ಹಿಂದೆ ಇಂಥ ಬೆಳಗುಗಳಿವೆ. ಕಾಗದ ಬಡಿದವರು ಯಾರು? ‘ನಮ್ಮ ಊರ ಹಿತ್ತಲಲ್ಲಿ ಇನ್ನೊಂದು ಬರೆದ ಕಲ್ಲು ಐತಿ’ ಎಂದು ಕರೆದೊಯ್ದವರು ಯಾರು? ಪುಟದಲ್ಲಿ ಅವರ ಹೆಸರಿಗೆ ಜಾಗ ಸಿಕ್ಕದ್ದು ಅಪರೂಪ.

ಈ ವಿಷಯದಲ್ಲಿ ಒಬ್ಬ ಅಧಿಕಾರಿ ತುಸು ಬೇರೆಯಾಗಿದ್ದ. ಅವನ ಕೆಲಸ ನಡೆದದ್ದು ಈ ನಾಲ್ಕು ತಾಲ್ಲೂಕುಗಳಲ್ಲಲ್ಲ, ದಕ್ಷಿಣದ ಮೈಸೂರು ರಾಜ್ಯದಲ್ಲಿ. ಟಿಪ್ಪುವಿನ ಪತನದ ನಂತರ ಮೈಸೂರಿನ ಸರ್ವೆ ನಡೆಸಿದ ಕರ್ನಲ್ ಕಾಲಿನ್ ಮೆಕೆಂಝಿ ಅವನು. ನೆಲ ಅಳೆಯುತ್ತಲೇ ಊರೂರಿನ ಕೈಫಿಯತ್ತು, ಓಲೆಗರಿ, ಶಾಸನಗಳನ್ನು ಕಲೆಹಾಕಿದ. ಆದರೆ ಅವನಿಗೆ ನಮ್ಮ ಭಾಷೆಗಳು ಬರುತ್ತಿರಲಿಲ್ಲ. ಕಲೆಹಾಕಿದವರು ಕಾವಲಿ ವೆಂಕಟ ಬೋರಯ್ಯ, ಲಕ್ಷ್ಮಯ್ಯ ಎಂಬ ಸಹೋದರರು. ಬೋರಯ್ಯ 1803ರಲ್ಲಿ, ಇನ್ನೂ ಮೂವತ್ತು ತುಂಬುವ ಮೊದಲೇ ತೀರಿಕೊಂಡ. ಹಳಗನ್ನಡದ ಲಿಪಿ ಓದಿಕೊಟ್ಟವನು ಮಲೆಯೂರಿನ ಜೈನ ವಿದ್ವಾಂಸ ಧರ್ಮಯ್ಯ. ಅದೇ ಮಲೆಯೂರಿನ ದೇವಚಂದ್ರ ಮುಂದೆ ‘ರಾಜಾವಳಿ ಕಥೆ’ ಬರೆದದ್ದೂ ಮೆಕೆಂಝಿಯ ಪ್ರೇರಣೆಯಿಂದಲೇ.

1816ರಲ್ಲಿ ಥಾಮಸ್ ಹಿಕಿ ಎಂಬ ಚಿತ್ರಕಾರ ಬರೆದ ಮೆಕೆಂಝಿಯ ಚಿತ್ರವೊಂದಿದೆ. ಕೆಂಪು ಕೋಟು ತೊಟ್ಟ ಎತ್ತರದ ಸಾಹೇಬ ನಡುವೆ ನಿಂತಿದ್ದಾನೆ, ಸುತ್ತ ಮೂವರು ಭಾರತೀಯರು. ಒಬ್ಬರ ಕೈಯಲ್ಲಿ ಓಲೆಗರಿ, ಇನ್ನೊಬ್ಬರ ಕೈಯಲ್ಲಿ ದುರ್ಬೀನು. ಹಿನ್ನೆಲೆಯ ಬೆಟ್ಟದ ಮೇಲೆ ಗೊಮ್ಮಟ. ಓಲೆ ಹಿಡಿದವನು ಧರ್ಮಯ್ಯ ಎಂದು ಗುರುತಿಸುತ್ತಾರೆ. ನನ್ನ ಧಾರಾವಾಹಿಯ ಪಂಡಿತನಿಗೆ ಮುಖ ಬೇಕಾದಾಗ ಈ ಚಿತ್ರವನ್ನೇ ಮುಂದಿಟ್ಟುಕೊಂಡಿದ್ದೆ. ಸಾಹೇಬನ ಮುಖವನ್ನಲ್ಲ, ಓಲೆ ಹಿಡಿದವನ ಮುಖವನ್ನು.

ಇಲ್ಲಿಂದ ಮತ್ತೆ ನಮ್ಮ ನಾಲ್ಕು ತಾಲ್ಲೂಕುಗಳಿಗೆ ಬರೋಣ. ಸುಮಾರು ನೂರು ವರ್ಷ ಹಿಂದಿನ ಧಾರವಾಡ ಜಿಲ್ಲೆಯ ನಕಾಶೆ ತೆಗೆದು ಈ ನಾಲ್ಕನ್ನು ಹುಡುಕಿದರೆ ಅದೇ ಹೆಸರಿನ ತಾಲ್ಲೂಕು ಸಿಗುವುದು ಒಂದೇ, ಹಾನಗಲ್ಲು. ಶಿಗ್ಗಾವಿಯಲ್ಲಿ ಕಚೇರಿ ಇದ್ದರೂ ತಾಲ್ಲೂಕಿನ ಹೆಸರು ಬಂಕಾಪುರ. ಹಿರೇಕೆರೂರಿನಲ್ಲಿ ಕಚೇರಿ ಇದ್ದ ತಾಲ್ಲೂಕಿನ ಹೆಸರು ಕೋಡ. ಸವಣೂರು ಜಿಲ್ಲೆಯಲ್ಲೇ ಇರಲಿಲ್ಲ. ಅದು ನವಾಬರ ಸಂಸ್ಥಾನ, ನಕಾಶೆಯಲ್ಲಿ ಬೇರೆ ಬಣ್ಣ. ಸ್ವಾತಂತ್ರ್ಯದ ನಂತರ ಆ ಬಣ್ಣ ಅಳಿಸಿತು. ಈಚೆಗೆ ಹಿರೇಕೆರೂರಿನಿಂದ ರಟ್ಟೀಹಳ್ಳಿ ಬೇರೆಯಾಗಿದೆ. ಪಾನುಂಗಲ್–500 ಮಾಯವಾದದ್ದು ಹೇಗೆಂದು ಬೆರಗಾಗಬೇಕಾಗಿಲ್ಲ. ನಿಮ್ಮ ಅಜ್ಜಂದಿರ ಕಾಲದ ತಾಲ್ಲೂಕುಗಳೇ ಮಾಯವಾಗಿವೆ.

ನಮ್ಮ ಪಂಡಿತನ ಮುಪ್ಪನ್ನು ಸವಣೂರು ತಾಲ್ಲೂಕಿನ ಒಂದು ಹಳ್ಳಿಯಲ್ಲಿ ಇಡಬೇಕೆಂದು ನಾನು ತೀರ್ಮಾನಿಸಿದ್ದು ಒಂದು ಘಟನೆಯಿಂದ. ಊರಿನ ಹೆಸರು ಬೇಡ. 2019ರ ಆಗಸ್ಟಿನಲ್ಲಿ ವರದಾ ಉಕ್ಕಿ ಹರಿದದ್ದು ನಿಮಗೆ ನೆನಪಿರಬಹುದು. ಈ ಊರು ನದಿಯಿಂದ ದೂರ. ಆದರೂ ಊರಾಚೆಯ ಹೊಸ ಮನೆಗಳ ಸಾಲಿನಲ್ಲಿ ಮೊಣಕಾಲುದ್ದ ನೀರು ನಿಂತಿತ್ತಂತೆ. ನಾವು ಹೋದಾಗ ಗೋಡೆಗಳ ಮೇಲೆ ನೀರಿನ ಗೆರೆ ಇನ್ನೂ ಇತ್ತು. ಒಂದು ಮನೆಯ ಹುಡುಗ ನೀರಿನಲ್ಲಿ ನೆನೆದ ಶಾಲೆಯ ಪುಸ್ತಕಗಳನ್ನು ತೋರಿಸಿದ. ಹಾಳೆಗಳು ಒಂದಕ್ಕೊಂದು ಅಂಟಿಕೊಂಡು ಹಲಗೆಯಂತಾಗಿದ್ದವು. ಎಸೆಯಲು ಅವನಿಗೆ ಮನಸ್ಸು ಬಂದಿರಲಿಲ್ಲ.

ನಾನು ಮೊಬೈಲಿನಲ್ಲಿ ಉಪಗ್ರಹದ ಚಿತ್ರ ತೆಗೆದು ನೋಡಿದೆ. ಕಾರಣ ಕಾಣಲಿಲ್ಲ. ಕಂದಾಯದ ನಕಾಶೆಯಲ್ಲಿ ಒಂದು ಸರ್ವೆ ನಂಬರು, ಅಷ್ಟೆ. ಕಟ್ಟೆಯ ಮೇಲೆ ಕೂತಿದ್ದ ಹಿರಿಯರೊಬ್ಬರನ್ನು ಕೇಳಿದೆ.

“ಅಜ್ಜಾರ, ಅಲ್ಲಿಗೆ ನೀರು ಎಲ್ಲಿಂದ ಬಂತು?”

“ಎಲ್ಲಿಂದ ಬರಾಕ ಏನೈತ್ರಿ ಸರ, ಅದರ ಜಾಗಾಕ್ಕ ಅದು ಬಂತು. ಅಲ್ಲಿ ಕೆರಿ ಇತ್ರಿ. ನಮ್ಮ ಮುತ್ಯಾನ ಕಾಲಕ್ಕನ ಒಡದು ಹೊಲ ಆತು. ನಾವು ಇವತ್ತಿಗೂ ಅದಕ್ಕ ಕೆರಿಹೊಲ ಅಂತೀವಿ.”

“ಮತ್ತೆ ಮನೆ ಕಟ್ಟುವಾಗ ಹೇಳಲಿಲ್ಲವೇ?”

“ನಮ್ಮನ್ನ ಯಾರು ಕೇಳಿದ್ರಿ, ಹೇಳಾಕ? ಬಂದ್ರು, ಸರಪಳಿ ಹಿಡದ್ರು, ನಂಬರ್ ಬರಕೊಂಡ್ರು, ಹ್ವಾದ್ರು.”

ಸರ್ವೆಯ ಸರಪಳಿಯನ್ನು ನಾನು ಹೀಗಳೆಯುತ್ತಿಲ್ಲ. ಮೂವತ್ಮೂರು ಅಡಿಯ ಆ ಸರಪಳಿಗೆ ಹದಿನಾರು ಆಣೆ. ಒಂದು ಸರಪಳಿಯ ಚೌಕ ಒಂದು ಗುಂಟೆ, ನಲವತ್ತು ಗುಂಟೆಗೆ ಒಂದು ಎಕರೆ. ನಿಮ್ಮ ಮನೆಯ ಉತಾರದಲ್ಲಿ ಇಂದಿಗೂ ಈ ಲೆಕ್ಕವೇ ಇರುವುದು. ಊರಿಂದೂರಿಗೆ ಬದಲಾಗುವ ಗಳೆಗಳ ಗೊಂದಲವನ್ನು ಅದು ತಪ್ಪಿಸಿತು, ಎಷ್ಟೋ ಬದುವಿನ ಜಗಳಗಳನ್ನು ಮುಗಿಸಿತು. ಆದರೆ ‘ಕೆರಿಹೊಲ’ ಎಂಬ ನಾಲ್ಕಕ್ಷರದಲ್ಲಿ ಇದ್ದದ್ದು ಸರ್ವೆ ನಂಬರಿನಲ್ಲಿ ಇರಲಿಲ್ಲ. ಕೇಳಿದ್ದರೆ ಆ ಹುಡುಗನ ಪುಸ್ತಕ ಉಳಿಯುತ್ತಿತ್ತು.

ಮಾರನೆಯ ದಿನ ಕ್ಯಾಮೆರಾ ಬಿಟ್ಟು ನೋಟ್‌ಬುಕ್ಕು ಹಿಡಿದು ಅದೇ ಊರಿಗೆ ಹೋದೆ. ಆ ಹಿರಿಯರ ಮನೆಯ ಪಡಸಾಲೆಯಲ್ಲಿ ಅವರ ಹೆಂಡತಿ ಶೇಂಗಾ ಬಿಡಿಸುತ್ತ ಕೂತಿದ್ದರು. ಹೊಲಗಳ ಹೆಸರು ಹೇಳಿ ಎಂದಾಗ ಅವರಿಗೆ ನಗು ಬಂತು. “ಅದನ್ನೇನ್ ಬರಕೋತೀಯಪಾ!” ಎಂದರು. ಆಮೇಲೆ ಮೂಡಲ ಅಗಸಿಯಿಂದ ಆರಂಭಿಸಿ ಊರಿನ ಸುತ್ತ ಒಂದು ಸುತ್ತು ಬಂದರು, ಕೂತಲ್ಲಿಂದಲೇ. ಹುಣಸಿಮರದ ಹೊಲ, ಮರ ಈಗಿಲ್ಲ. ಬಸ್ತಿಹೊಲ, ಬಸದಿ ಇದ್ದ ಗುರುತೂ ಇಲ್ಲ, ಆದರೆ ನೇಗಿಲಿಗೆ ಇಟ್ಟಿಗೆ ತಗಲುತ್ತದಂತೆ. ಸಂತಿಹೊಲ, ದಂಡಿನ ದಾರಿ, ಮೂರುಕಲ್ಲ ಒಡ್ಡು. ನಾನು ದಿಕ್ಕು ಗುರುತಿಸಿಕೊಂಡು ಬರೆಯುತ್ತ ಹೋದೆ. ಮೂಡಲು, ತೆಂಕಲು, ಪಡುವಲು, ಬಡಗಲು. ಶಾಸನದ ಮೇರೆ ಬರೆಯುವ ಅದೇ ಕ್ರಮ. ಶಾಲೆಯ ಮೆಟ್ಟಿಲು ಹತ್ತದ ಆ ತಾಯಿಗೆ ಅದನ್ನು ಯಾರೂ ಕಲಿಸಿರಲಿಲ್ಲ. ಒಂದು ತಾಸಿನಲ್ಲಿ ಮೂವತ್ತನಾಲ್ಕು ಹೆಸರು ಆದವು.

ಅಂದು ರಾತ್ರಿ ವಸತಿಗೃಹದಲ್ಲಿ ಕೂತು, ಸರ್ವೆ ನಕಾಶೆಯ ಮೇಲೆ ಪಾರದರ್ಶಕ ಕಾಗದ ಇಟ್ಟು ಆ ಹೆಸರುಗಳನ್ನು ಬರೆದೆ. ಬಿಳಿಯ ಚೌಕಗಳ ನಡುವೆ ಒಂದು ಕೆರೆ, ಒಂದು ಬಸದಿ, ಒಂದು ಸಂತೆ, ಸೈನ್ಯ ನಡೆದ ಒಂದು ದಾರಿ ಮೂಡಿಬಂದವು. ಸಂತಿಹೊಲಕ್ಕೂ ಊರಿಗೂ ನಡುವೆ ದಂಡಿನ ದಾರಿ ಹಾದುಹೋಗುತ್ತದೆ. ಸಂತೆ ದಾರಿಯ ಪಕ್ಕ ನೆರೆಯುವುದು ಸಹಜವಲ್ಲವೇ! ನಾನೊಬ್ಬನೇ ಎದ್ದು ಕೋಣೆಯಲ್ಲಿ ಓಡಾಡಿದೆ.

ನಿಮ್ಮ ಊರಿನಲ್ಲೂ ಇದನ್ನು ಮಾಡಬಹುದು. ಸಲಕರಣೆ ಏನೂ ಬೇಡ. ಗ್ರಾಮದ ಸರ್ವೆ ನಕಾಶೆಯ ಪ್ರತಿ ಸಿಗುತ್ತದೆ, ಪಾರದರ್ಶಕ ಕಾಗದ ಅಂಗಡಿಯಲ್ಲಿ ಸಿಗುತ್ತದೆ. ಹಿರಿಯರು ಹೇಳಿದ್ದನ್ನು ಹೇಳಿದಂತೆಯೇ ಬರೆಯಿರಿ, ‘ಶುದ್ಧ’ ಮಾಡಲು ಹೋಗಬೇಡಿ. ಕೆರಿಹೊಲವನ್ನು ಕೆರೆಹೊಲ ಮಾಡಿದರೂ ನನಗೆ ಬೇಸರವಾಗುತ್ತದೆ. ಹೇಳಿದವರ ಹೆಸರು, ಅವರ ವಯಸ್ಸು, ತಾರೀಖು ಪಕ್ಕದಲ್ಲೇ ಇರಲಿ. ಎಲಿಯಟ್ಟನ ನಕಲುಗಾರರಿಗೆ ಸಿಗದ ಜಾಗ ಅದು. ಬರೆದ ಕಲ್ಲು ಕಂಡರೆ ಸುಣ್ಣ ಬಳಿಯಬೇಡಿ, ಸೀಮೆಸುಣ್ಣವನ್ನೂ ತಿಕ್ಕಬೇಡಿ. ಬೆಳಗ್ಗೆ ಅಥವಾ ಸಂಜೆ ಓರೆ ಬಿಸಿಲು ಬಿದ್ದಾಗ ಫೋಟೋ ತೆಗೆಯಿರಿ, ಅಕ್ಷರ ತಾನಾಗಿ ಎದ್ದು ಕಾಣುತ್ತದೆ. ಧಾರವಾಡದಲ್ಲಿ 1939ರಲ್ಲಿ ಆರಂಭವಾದ ಕನ್ನಡ ಸಂಶೋಧನ ಸಂಸ್ಥೆ, ಆಮೇಲೆ ಬೆಳೆದ ಕರ್ನಾಟಕ ವಿಶ್ವವಿದ್ಯಾಲಯ, ‘ಬಾಂಬೆ–ಕರ್ನಾಟಕ ಶಾಸನ’ ಸಂಪುಟಗಳನ್ನು ಹೊರತಂದ ಕೇಂದ್ರ ಇಲಾಖೆ, ಇವೆಲ್ಲ ಸಾವಿರಾರು ಕಲ್ಲುಗಳನ್ನು ಓದಿಟ್ಟಿವೆ. ನಿಮ್ಮ ಊರಿನದು ಅವುಗಳಲ್ಲಿ ಇದೆಯೇ ಎಂದು ನೋಡುವುದೇ ಒಂದು ಬೇಸಿಗೆ ರಜೆಗೆ ಸಾಕಾಗುವ ಕೆಲಸ.

ನನ್ನ ಮೂವತ್ತನಾಲ್ಕು ಹೆಸರುಗಳಲ್ಲಿ ಒಂದು ಇನ್ನೂ ಒಗಟಾಗಿಯೇ ಉಳಿದಿದೆ. ಕೊನೆಯಲ್ಲಿ ಆ ತಾಯಿ ಹೇಳಿದ್ದು ‘ಗಳಿಹೊಲ’ ಎಂದು. ಈ ಕಡೆ ಗಳೆ ಎಂದರೆ ಎತ್ತು ಹೂಡಿ ಹೊಲ ಹೊಡೆಯುವುದು. ಆ ಅರ್ಥದಲ್ಲಿ ಊರಿನ ಹೊಲಗಳೆಲ್ಲ ಗಳಿಹೊಲಗಳೇ, ಇದೊಂದಕ್ಕೆ ಮಾತ್ರ ಆ ಹೆಸರು ಏಕೆ ಬಂತು? ಅಥವಾ ಶಾಸನಗಳ ಕಾಲದ ಅಳತೆಯ ಗಳೆ ಅಲ್ಲಿ ಉಳಿದುಕೊಂಡಿದೆಯೇ? ಕೇಳಿದೆ.

“ಯಾರಿಗ್ ಗೊತ್ತಪಾ? ನಮ್ಮತ್ತಿ ಹಂಗ ಅಂತಿದ್ಲು, ನಾನೂ ಹಂಗ ಅಂತೀನಿ” ಎಂದು ಅವರು ಶೇಂಗಾದ ಮೊರ ಕೇರತೊಡಗಿದರು.